ಲಿಬ್‌ಯುಎಸ್‌ಬಿ0.ಡಿಎಲ್ಎಲ್ ಇಲ್ಲ ಅಂತ ಬರುತ್ತಿದೆ, ಯಾವ ಫೈಲ್ ಎಲ್ಲಿ ಹಾಕಬೇಕು?

ಹೊಸಗಣಕ:

ಎಲ್ಲರಿಗೂ ನಮಸ್ಕಾರ. ನನ್ನ ಹತ್ತಿರ ಒಂದು ಹಳೆಯ ಡೇಟಾ ಲಾಗರ್ ಇದೆ. ಉಷ್ಣಾಂಶ ಅಳೆದು ತನ್ನೊಳಗೇ ಬರೆದಿಟ್ಟುಕೊಳ್ಳುತ್ತದೆ, ಆಮೇಲೆ ಯುಎಸ್‌ಬಿ ಕೇಬಲ್ ಹಾಕಿ ಅದನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳಬೇಕು. ವಿಂಡೋಸ್ 7ರ 32 ಬಿಟ್ ಕಂಪ್ಯೂಟರಿನಲ್ಲಿ ಏನೂ ತಕರಾರಿಲ್ಲದೆ ನಡೆಯುತ್ತಿತ್ತು. ಈಗ ವಿಂಡೋಸ್ 11 ಇರುವ ಕಂಪ್ಯೂಟರಿಗೆ ಅದೇ ಪ್ರೋಗ್ರಾಂ ಫೋಲ್ಡರನ್ನು ಕಾಪಿ ಮಾಡಿ ತೆರೆದರೆ, ಲಿಬ್‌ಯುಎಸ್‌ಬಿ0.ಡಿಎಲ್ಎಲ್ ಸಿಗಲಿಲ್ಲ ಅಂತ ಹೇಳಿ ನಿಂತುಬಿಡುತ್ತದೆ. ಇನ್‌ಸ್ಟಾಲ್ ಮಾಡುವ ಸಿಡಿ ಈಗ ಓದುವ ಸ್ಥಿತಿಯಲ್ಲಿಲ್ಲ, ತಯಾರಿಸಿದ ಕಂಪನಿಯ ವೆಬ್‌ಸೈಟೂ ಇಲ್ಲ.

ಹುಡುಕಿದರೆ ಈ ಡಿಎಲ್ಎಲ್ ಉಚಿತವಾಗಿ ಕೊಡುತ್ತೇವೆ ಅನ್ನುವ ಸೈಟುಗಳು ಸಾಲು ಸಾಲು ಬರುತ್ತವೆ. ಅದರಲ್ಲಿ ಒಂದನ್ನು ಇಳಿಸಿ ಸಿಸ್ಟಮ್32 ಫೋಲ್ಡರಿಗೆ ಹಾಕಿದರೆ ಸಾಕಾ? ಇನ್ನೊಂದು ವಿಷಯ, ಡಿವೈಸ್ ಮ್ಯಾನೇಜರಿನಲ್ಲಿ ಲಾಗರ್ ಹೆಸರಿನ ಮುಂದೆ ಹಳದಿ ಗುರುತಿದೆ, ಒಳಗೆ ನೋಡಿದರೆ ಕೋಡ್ 28 ಅಂತಿದೆ. ಎರಡೂ ಒಂದೇ ಸಮಸ್ಯೆಯಾ?

ಬೆಸುಗೆಕಡ್ಡಿ:

ಆ ಸೈಟುಗಳಿಂದ ದಯವಿಟ್ಟು ಇಳಿಸಬೇಡಿ. ಡಿಎಲ್ಎಲ್ ಅಂದರೆ ಓದಿ ಬದಿಗಿಡುವ ಫೈಲ್ ಅಲ್ಲ, ಅದೂ ಒಂದು ಪ್ರೋಗ್ರಾಮೇ. ನಿಮ್ಮ ಲಾಗರ್ ಪ್ರೋಗ್ರಾಂ ತೆರೆದ ಕ್ಷಣದಲ್ಲೇ ಅದೂ ಜೊತೆಗೆ ಓಡುತ್ತದೆ. ನಿಮಗೆ ಯಾವ ಯಾವ ಫೈಲ್ ಮುಟ್ಟುವ ಅಧಿಕಾರವಿದೆಯೋ ಅದೆಲ್ಲ ಅದಕ್ಕೂ ಸಿಗುತ್ತದೆ. ಯಾರು ಕಂಪೈಲ್ ಮಾಡಿದ್ದು, ಯಾವ ಆವೃತ್ತಿ, ನಡುವೆ ಯಾರು ಏನು ಸೇರಿಸಿದರು ಅಂತ ತಿಳಿಯದ ಫೈಲನ್ನು ಸಿಸ್ಟಮ್32 ಒಳಗೆ ಕೂರಿಸಿದರೆ, ಅಲ್ಲಿ ಹುಡುಕುವ ಬೇರೆ ಪ್ರೋಗ್ರಾಂಗಳ ಕೈಗೂ ಅದೇ ಸಿಗುತ್ತದೆ. ಲಿಬ್‌ಯುಎಸ್‌ಬಿ ಅಂದರೆ ಪ್ರೋಗ್ರಾಂಗಳು ಯುಎಸ್‌ಬಿ ಸಾಧನಗಳ ಜೊತೆ ಮಾತಾಡಲು ಬಳಸುವ ಲೈಬ್ರರಿ. ಅದು ತೆರೆದ ಮೂಲದ ಯೋಜನೆ, ಅದರ ಸ್ವಂತ ಜಾಗದಲ್ಲೇ ಫೈಲುಗಳು ಉಚಿತವಾಗಿ ಸಿಗುತ್ತವೆ. ಹೀಗಿರುವಾಗ ಮೂರನೆಯವರ ಹತ್ತಿರ ಹೋಗುವ ಅಗತ್ಯವೇ ಇಲ್ಲ.

ಇನ್ನು ನಿಮ್ಮ ಎರಡನೇ ಪ್ರಶ್ನೆ. ಎರಡೂ ಬೇರೆ ಬೇರೆ ಸಮಸ್ಯೆ, ಆದರೆ ಒಂದೇ ದಾರಿಯಲ್ಲಿ ಇರುವಂಥವು. ಲಾಗರ್ ಪ್ರೋಗ್ರಾಂ ನೇರವಾಗಿ ಯುಎಸ್‌ಬಿ ಪೋರ್ಟನ್ನು ಮುಟ್ಟಲು ಆಗುವುದಿಲ್ಲ. ಅದು ಡಿಎಲ್ಎಲ್ ಒಳಗಿನ ಫಂಕ್ಷನ್ ಕರೆಯುತ್ತದೆ. ಡಿಎಲ್ಎಲ್ ಕರ್ನಲ್ ಒಳಗೆ, ಅಂದರೆ ಆಪರೇಟಿಂಗ್ ಸಿಸ್ಟಮಿನ ತಿರುಳಿನೊಳಗೆ, ಇರುವ ಡ್ರೈವರಿಗೆ ಹೇಳುತ್ತದೆ. ಡ್ರೈವರ್ ವಿಂಡೋಸಿನ ಯುಎಸ್‌ಬಿ ಪದರಕ್ಕೆ ಕೊಡುತ್ತದೆ, ಅಲ್ಲಿಂದ ಕೇಬಲ್ ಮೂಲಕ ಲಾಗರಿಗೆ. ನಿಮ್ಮಲ್ಲಿ ಡಿಎಲ್ಎಲ್ ಇಲ್ಲ, ಅದಕ್ಕೆ ಪ್ರೋಗ್ರಾಂ ತೆರೆಯುತ್ತಿಲ್ಲ. ಡ್ರೈವರೂ ಇಲ್ಲ, ಅದಕ್ಕೆ ಕೋಡ್ 28. ಡಿಎಲ್ಎಲ್ ಒಂದನ್ನೇ ಹೇಗೋ ತಂದು ಹಾಕಿದರೆ ಪ್ರೋಗ್ರಾಂ ತೆರೆದುಕೊಳ್ಳುತ್ತದೆ, ಆದರೆ ಲಾಗರ್ ಸಿಗಲಿಲ್ಲ ಅನ್ನುತ್ತದೆ. ಇಲ್ಲಿ ಬಹಳ ಜನ ಸಿಕ್ಕಿಕೊಳ್ಳುವುದು ಇದೇ ಜಾಗದಲ್ಲಿ. ಫೈಲ್ ಸರಿಯಿಲ್ಲವೇನೋ ಅಂದುಕೊಂಡು ಇನ್ನೊಂದು ಸೈಟು, ಇನ್ನೊಂದು ಆವೃತ್ತಿ ಅಂತ ಅಲೆಯುತ್ತಾರೆ, ನಿಜವಾಗಿ ಬೇಕಿದ್ದದ್ದು ಡ್ರೈವರ್.

ನೀಲಿತೆರೆ:

ನಾನು ಹಿಂದೊಮ್ಮೆ ಲಿಬ್‌ಯುಎಸ್‌ಬಿ-1.0.ಡಿಎಲ್ಎಲ್ ತಂದು ಹೆಸರು ಬದಲಾಯಿಸಿ ನೋಡಿದ್ದೆ. ಎಂಟ್ರಿ ಪಾಯಿಂಟ್ ಸಿಗಲಿಲ್ಲ ಅನ್ನುವ ಸಂದೇಶ ಬಂತು. ಹೊಸ ಆವೃತ್ತಿ ಹಳೆಯದರ ಕೆಲಸ ಮಾಡಬೇಕಲ್ವಾ? ಯಾಕೆ ಮಾಡಲ್ಲ?

ಬೆಸುಗೆಕಡ್ಡಿ:

ಮಾಡಲ್ಲ, ಯಾಕಂದರೆ ಅವೆರಡೂ ಒಂದೇ ಫೈಲಿನ ಹೊಸ ಹಳೆ ರೂಪಗಳಲ್ಲ. ಮೊದಲಿದ್ದದ್ದು 0.1 ತಲೆಮಾರು, ಯೊಹಾನೆಸ್ ಎರ್ಡ್‌ಫೆಲ್ಟ್ ಶುರು ಮಾಡಿದ್ದು. ಅದನ್ನೇ ವಿಂಡೋಸಿಗೆ ತಂದದ್ದು ಲಿಬ್‌ಯುಎಸ್‌ಬಿ-ವಿನ್32 ಅನ್ನುವ ಬೇರೆಯದೇ ಯೋಜನೆ. ಲಿಬ್‌ಯುಎಸ್‌ಬಿ0.ಡಿಎಲ್ಎಲ್ ಇದಕ್ಕೆ ಸೇರಿದ್ದು, ಅದರ ಜೊತೆಗಾರ ಡ್ರೈವರಿನ ಹೆಸರು ಲಿಬ್‌ಯುಎಸ್‌ಬಿ0.ಸಿಸ್. 2008ರಲ್ಲಿ ಡೇನಿಯಲ್ ಡ್ರೇಕ್ ಮುಂದಾಳತ್ವದಲ್ಲಿ 1.0 ಬಂತು. ಅದನ್ನು ಹೊಸದಾಗಿಯೇ ಕಟ್ಟಿದರು. ಫಂಕ್ಷನ್ನುಗಳ ಹೆಸರೂ ಬೇರೆ, ಕೊಡಬೇಕಾದ ವಿವರಗಳೂ ಬೇರೆ. ಹಳೆಯದರಲ್ಲಿ ಒಂದು ಓದು ಮುಗಿಯುವವರೆಗೆ ಪ್ರೋಗ್ರಾಂ ಕಾಯುತ್ತ ಕೂರಬೇಕಿತ್ತು. 1.0ರಲ್ಲಿ ಹತ್ತಾರು ಕೋರಿಕೆಗಳನ್ನು ಒಟ್ಟಿಗೆ ಕಳಿಸಿ, ಬಂದ ಬಂದಂತೆ ತೆಗೆದುಕೊಳ್ಳಬಹುದು. ಹಳೆಯ ಪ್ರೋಗ್ರಾಂ ಹಳೆಯ ಹೆಸರನ್ನು ಹಿಡಿದು ಕರೆಯುತ್ತದೆ, ಹೊಸ ಫೈಲಿನೊಳಗೆ ಆ ಹೆಸರೇ ಇಲ್ಲ. ಫೈಲಿನ ಹೆಸರು ಬದಲಾಯಿಸಿದರೆ ಒಳಗಿನದು ಬದಲಾಗುವುದಿಲ್ಲ. ಲಿನಕ್ಸಿನಲ್ಲಿ ಹಳೆಯ ಪ್ರೋಗ್ರಾಂಗಳಿಗಾಗಿ ಲಿಬ್‌ಯುಎಸ್‌ಬಿ-ಕಂಪ್ಯಾಟ್ ಅಂತ ಒಂದು ತೆಳು ಪದರ ಇದೆ, ಹಳೆಯ ಹೆಸರಿನ ಕರೆಗಳನ್ನು 1.0ರ ಕರೆಗಳಾಗಿ ಬದಲಾಯಿಸುತ್ತದೆ.

ನಡುವೆ ಇನ್ನೊಂದು ಹೆಸರೂ ಕಣ್ಣಿಗೆ ಬೀಳಬಹುದು, ಲಿಬ್‌ಯುಎಸ್‌ಬಿಎಕ್ಸ್. 2012ರಲ್ಲಿ ಕೆಲವು ಡೆವಲಪರುಗಳು ಬೇರೆಯಾಗಿ ಅದನ್ನು ನಡೆಸಿದರು, 2014ರಲ್ಲಿ ಎರಡೂ ಮತ್ತೆ ಒಂದಾದವು. ಹಳೆಯ ಲೇಖನಗಳಲ್ಲಿ ಆ ಹೆಸರು ಕಂಡರೆ ಈಗಿನ ಲಿಬ್‌ಯುಎಸ್‌ಬಿ ಅಂತಲೇ ಓದಿಕೊಳ್ಳಿ.

ಹೊಸಗಣಕ ಅವರೇ, ನಿಮ್ಮ ಪ್ರೋಗ್ರಾಂ ಕೇಳುತ್ತಿರುವುದು 0 ಇರುವ ಫೈಲನ್ನು. ಹಾಗಾಗಿ ನಿಮಗೆ ಬೇಕಿರುವುದು ಲಿಬ್‌ಯುಎಸ್‌ಬಿ-ವಿನ್32. ಜಾಡಿಗ್ ಅನ್ನುವ ಚಿಕ್ಕ ಟೂಲ್ ಇದೆ, ಪೀಟ್ ಬಟಾರ್ಡ್ ಬರೆದದ್ದು. ಲಾಗರ್ ಸಿಕ್ಕಿಸಿ, ಜಾಡಿಗ್ ತೆರೆಯಿರಿ. ಡ್ರೈವರ್ ಇಲ್ಲದ ಸಾಧನಗಳನ್ನು ಮಾತ್ರ ಅದು ಮೊದಲು ತೋರಿಸುತ್ತದೆ, ನಿಮ್ಮ ಲಾಗರ್ ಅಲ್ಲಿ ಇರಬೇಕು. ಬಲಗಡೆ ಯಾವ ಡ್ರೈವರ್ ಹಾಕಬೇಕು ಅಂತ ಆರಿಸುವ ಬಾಣಗಳಿವೆ. ವಿನ್‌ಯುಎಸ್‌ಬಿ, ಲಿಬ್‌ಯುಎಸ್‌ಬಿ-ವಿನ್32, ಲಿಬ್‌ಯುಎಸ್‌ಬಿಕೆ ಬರುತ್ತವೆ. ಎರಡನೆಯದನ್ನು ಆರಿಸಿ ಇನ್‌ಸ್ಟಾಲ್ ಒತ್ತಿ. ಅದು ಡ್ರೈವರಿನ ಜೊತೆಗೆ ಡಿಎಲ್ಎಲ್ ಫೈಲುಗಳನ್ನೂ ಅವುಗಳ ಜಾಗದಲ್ಲಿ ಇಡುತ್ತದೆ. ನೀವು ಕೈಯಾರೆ ಏನನ್ನೂ ಕಾಪಿ ಮಾಡಬೇಕಿಲ್ಲ.

ಒಂದು ಎಚ್ಚರ ಹೇಳಲೇಬೇಕು. ಜಾಡಿಗ್ ಮೆನುವಿನಲ್ಲಿ ಎಲ್ಲ ಸಾಧನಗಳನ್ನೂ ತೋರಿಸು ಅನ್ನುವ ಆಯ್ಕೆ ಇದೆ. ಅದನ್ನು ಒತ್ತಿದರೆ ಕೀಬೋರ್ಡ್, ಮೌಸ್, ವೆಬ್‌ಕ್ಯಾಮ್ ಎಲ್ಲವೂ ಪಟ್ಟಿಗೆ ಬರುತ್ತವೆ. ತಪ್ಪಿ ಮೌಸಿಗೆ ಈ ಡ್ರೈವರ್ ಹಾಕಿದರೆ ಮೌಸ್ ಅಲ್ಲಿಗೇ ಸುಮ್ಮನಾಗುತ್ತದೆ, ಯಾಕಂದರೆ ಅದರ ಸ್ವಂತ ಡ್ರೈವರನ್ನು ನೀವು ಕಿತ್ತಿರುತ್ತೀರಿ. ಒತ್ತುವ ಮುಂಚೆ ಯುಎಸ್‌ಬಿ ಐಡಿ ನೋಡಿಕೊಳ್ಳಿ. ನಾಲ್ಕು ಅಂಕಿಯ ಎರಡು ಸಂಖ್ಯೆ ಇರುತ್ತವೆ. ಮೊದಲನೆಯದು ತಯಾರಕರದ್ದು, ಎರಡನೆಯದು ಆ ಸಾಧನದ್ದು. ಡಿವೈಸ್ ಮ್ಯಾನೇಜರಿನ ಹಾರ್ಡ್‌ವೇರ್ ಐಡಿಯಲ್ಲಿ ಇರುವ ವಿಐಡಿ, ಪಿಐಡಿಗೆ ಅವು ತಾಳೆಯಾಗಬೇಕು. ಹಾಗೂ ಎಡವಟ್ಟಾದರೆ, ಡಿವೈಸ್ ಮ್ಯಾನೇಜರಿನಲ್ಲಿ ಆ ಸಾಧನವನ್ನು ಅನ್‌ಇನ್‌ಸ್ಟಾಲ್ ಮಾಡುವಾಗ ಡ್ರೈವರನ್ನೂ ಅಳಿಸು ಅನ್ನುವ ಚೌಕಕ್ಕೆ ಟಿಕ್ ಹಾಕಿ, ಆಮೇಲೆ ಹಾರ್ಡ್‌ವೇರ್ ಮತ್ತೆ ಹುಡುಕಲು ಹೇಳಿ. ವಿಂಡೋಸ್ ತನ್ನ ಹಳೆಯ ಡ್ರೈವರಿಗೆ ವಾಪಸ್ ಹೋಗುತ್ತದೆ.

ಸಾಲುಗೋಡೆ:

ಸಿಸ್ಟಮ್32 ವಿಷಯ ಬಂದದ್ದಕ್ಕೆ ಒಂದು ಮಾತು ಸೇರಿಸುತ್ತೇನೆ, ಇದರಿಂದ ಜಾಸ್ತಿ ಜನ ಸಮಯ ಕಳೆದುಕೊಳ್ಳುತ್ತಾರೆ. 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿ ಇರುವುದು 64 ಬಿಟ್ ಫೈಲುಗಳು. 32 ಬಿಟ್ ಫೈಲುಗಳು ಇರುವುದು ಸಿಸ್‌ವಾವ್64 ಫೋಲ್ಡರಿನಲ್ಲಿ. ಹೆಸರು ನೋಡಿದರೆ ಉಲ್ಟಾ ಅನ್ನಿಸುತ್ತದೆ, ಹಳೆಯ ಪ್ರೋಗ್ರಾಂಗಳ ಕೋಡು ಕೆಡಬಾರದು ಅಂತ ಸಿಸ್ಟಮ್32 ಹೆಸರನ್ನು ಹಾಗೇ ಉಳಿಸಿಕೊಂಡರು. 32 ಬಿಟ್ ಪ್ರೋಗ್ರಾಂ ಸಿಸ್ಟಮ್32 ಕೇಳಿದರೂ ವಿಂಡೋಸ್ ಅದನ್ನು ಸದ್ದಿಲ್ಲದೆ ಸಿಸ್‌ವಾವ್64 ಕಡೆ ತಿರುಗಿಸುತ್ತದೆ. ಹಾಗಾಗಿ ಫೈಲ್ ಕಣ್ಣ ಮುಂದೆಯೇ ಸಿಸ್ಟಮ್32ನಲ್ಲಿ ಕೂತಿರುತ್ತದೆ, ಪ್ರೋಗ್ರಾಂ ಮಾತ್ರ ಇಲ್ಲ ಅಂತಲೇ ಹೇಳುತ್ತಿರುತ್ತದೆ.

ನೋಡಬೇಕಾದದ್ದು ನಿಮ್ಮ ವಿಂಡೋಸ್ ಎಷ್ಟು ಬಿಟ್ ಅನ್ನುವುದನ್ನಲ್ಲ, ನಿಮ್ಮ ಪ್ರೋಗ್ರಾಂ ಎಷ್ಟು ಬಿಟ್ ಅನ್ನುವುದನ್ನು. 32 ಬಿಟ್ ಪ್ರೋಗ್ರಾಂಗೆ 32 ಬಿಟ್ ಡಿಎಲ್ಎಲ್ಲೇ ಬೇಕು. ಬೆರೆಸಿದರೆ 0xc000007b ಅನ್ನುವ ದೋಷ ಬರುತ್ತದೆ. ಆ ಸಂಖ್ಯೆ ಕಂಡರೆ ಮೊದಲು ಬಿಟ್ ನೋಡಿ. ಡ್ರೈವರಿಗೆ ಮಾತ್ರ ಈ ಲೆಕ್ಕ ತಿರುಗುಮುರುಗು. ಅದು ಕರ್ನಲ್ ಒಳಗೆ ಇರುವುದರಿಂದ ವಿಂಡೋಸಿನ ಬಿಟ್‌ಗೆ ಹೊಂದಬೇಕು. ಅಂದರೆ ನಿಮ್ಮಲ್ಲಿ 32 ಬಿಟ್ ಪ್ರೋಗ್ರಾಂ, 32 ಬಿಟ್ ಡಿಎಲ್ಎಲ್, 64 ಬಿಟ್ ಡ್ರೈವರ್, ಮೂರೂ ಒಟ್ಟಿಗೆ ಇರುವುದೇ ಸರಿ.

ಇನ್ನು ಡಿಎಲ್ಎಲ್ ಒಂದನ್ನೇ ಕೈಯಿಂದ ಇಡಬೇಕಾಗಿ ಬಂದರೆ ಪ್ರೋಗ್ರಾಂ ಇರುವ ಫೋಲ್ಡರಿನಲ್ಲೇ ಅದರ ಪಕ್ಕ ಇಡಿ. ವಿಂಡೋಸ್ ಸಾಮಾನ್ಯವಾಗಿ ಮೊದಲು ಹುಡುಕುವುದು ಅಲ್ಲೇ. ಬೇರೆ ಪ್ರೋಗ್ರಾಂಗಳಿಗೆ ತೊಂದರೆಯೂ ಇಲ್ಲ, ಬೇಡ ಅನಿಸಿದಾಗ ತೆಗೆಯುವುದೂ ಸುಲಭ.

ಪೆಂಗ್ವಿನ್‌ಮನೆ:

ಲಿನಕ್ಸಿನಲ್ಲಿ ಇಷ್ಟು ಗೋಜಲಿಲ್ಲ. ಇದಕ್ಕೆ ಅಂತ ಬೇರೆ ಡ್ರೈವರ್ ಹಾಕುವ ಕೆಲಸವೇ ಇಲ್ಲ, ಕರ್ನಲ್ ತಾನೇ ಪ್ರತಿ ಸಾಧನವನ್ನೂ ಒಂದು ಫೈಲಿನ ರೂಪದಲ್ಲಿ ತೋರಿಸುತ್ತದೆ, ಲಿಬ್‌ಯುಎಸ್‌ಬಿ ಆ ಫೈಲನ್ನು ತೆರೆದು ಮಾತಾಡುತ್ತದೆ. ಲೈಬ್ರರಿಯೂ ಬಹಳಷ್ಟು ವಿತರಣೆಗಳಲ್ಲಿ ಮೊದಲೇ ಇರುತ್ತದೆ. ಯುಎಸ್‌ಬಿ ಸಾಧನಗಳ ಪಟ್ಟಿ ತೋರಿಸುವ ಎಲ್‌ಎಸ್‌ಯುಎಸ್‌ಬಿ ಆದೇಶ ಹೊಡೆದರೆ ಸಾಧನ ಕಂಡಿತು ಅಂದರೆ ಮುಗಿಯಿತು.

ಬೆಸುಗೆಕಡ್ಡಿ:

ಅಲ್ಲಿಗೆ ಮುಗಿಯುವುದಿಲ್ಲ. ಎಲ್‌ಎಸ್‌ಯುಎಸ್‌ಬಿಯಲ್ಲಿ ಕಾಣುತ್ತದೆ, ಪ್ರೋಗ್ರಾಂನಿಂದ ತೆರೆದರೆ ದೋಷ -3 (ಅನುಮತಿ ಇಲ್ಲ) ಬರುತ್ತದೆ ಅನ್ನುವ ಪ್ರಶ್ನೆ ಇಲ್ಲಿ ಮತ್ತೆ ಮತ್ತೆ ಬರುತ್ತದೆ. ಅದಕ್ಕೆ ಕಾರಣವನ್ನು ಹತ್ತಿರದಿಂದ ನೋಡೋಣ. ಎಲ್‌ಎಸ್‌ಯುಎಸ್‌ಬಿ ಒಂದು ಸಾಲಿನಲ್ಲಿ ಬಸ್ 001, ಡಿವೈಸ್ 007 ಅಂತ ತೋರಿಸಿತು ಅಂದುಕೊಳ್ಳಿ. ಆಗ ಡೆವ್ ಫೋಲ್ಡರಿನೊಳಗೆ ಬಸ್, ಅದರೊಳಗೆ ಯುಎಸ್‌ಬಿ, ಅದರೊಳಗೆ 001, ಅಲ್ಲಿ 007 ಅನ್ನುವ ಫೈಲ್ ಇರುತ್ತದೆ. ಅದರ ಅನುಮತಿ ನೋಡಿದರೆ ಸಾಮಾನ್ಯವಾಗಿ 664. ಒಡೆಯ ರೂಟ್, ಅಂದರೆ ಪೂರ್ಣ ಅಧಿಕಾರ ಇರುವ ಖಾತೆ. ರೂಟ್ ಬಿಟ್ಟು ಉಳಿದ ಬಳಕೆದಾರರು ಓದಬಹುದು, ಬರೆಯುವಂತಿಲ್ಲ. ಸಾಧನ ತನ್ನ ಬಗ್ಗೆ ಹೇಳಿಕೊಂಡ ವಿವರಗಳನ್ನು ತೋರಿಸಲು ಓದುವ ಅನುಮತಿ ಸಾಕು, ಅದಕ್ಕೇ ಪಟ್ಟಿಯಲ್ಲಿ ಕಾಣುತ್ತದೆ. ಆದರೆ ಸಾಧನಕ್ಕೆ ಏನಾದರೂ ಕಳಿಸಬೇಕಾದರೆ, ಅಷ್ಟೇ ಏಕೆ, ಅದರಿಂದ ಓದಬೇಕು ಅಂತ ಕೋರಿಕೆ ಸಲ್ಲಿಸಬೇಕಾದರೂ, ಆ ಫೈಲಿಗೆ ಬರೆಯುವ ಅನುಮತಿ ಬೇಕು.

ಸುಡೊ ಹಾಕಿ, ಅಂದರೆ ರೂಟ್ ಅಧಿಕಾರದಲ್ಲಿ, ಓಡಿಸಿದರೆ ನಡೆಯುತ್ತದೆ, ಬಹಳ ಕಡೆ ಅಷ್ಟನ್ನೇ ಹೇಳಿ ಕೈತೊಳೆದುಕೊಳ್ಳುತ್ತಾರೆ. ಅದು ಕಾರಣ ಏನು ಅಂತ ಕಂಡುಹಿಡಿಯಲು ಒಮ್ಮೆ ಮಾಡಿ ನೋಡಬಹುದಾದದ್ದು, ದಿನಾ ಮಾಡುವುದಲ್ಲ. ಒಂದು ಅಳತೆ ಇಳಿಸಿಕೊಳ್ಳಲು ಇಡೀ ಪ್ರೋಗ್ರಾಂಗೆ ಇಡೀ ಕಂಪ್ಯೂಟರಿನ ಅಧಿಕಾರ ಕೊಡುವುದು ಯಾಕೆ? ಸರಿಯಾದ ದಾರಿ ಯುಡೆವ್ ನಿಯಮ. ಸಾಧನ ಸಿಕ್ಕಿಸಿದಾಗ ಅದರ ಫೈಲ್, ಅನುಮತಿ ನೋಡಿಕೊಳ್ಳುವ ಲಿನಕ್ಸಿನ ಭಾಗವೇ ಯುಡೆವ್. ಇಟಿಸಿ ಒಳಗೆ ಯುಡೆವ್, ಅದರೊಳಗೆ ರೂಲ್ಸ್.ಡಿ ಫೋಲ್ಡರಿನಲ್ಲಿ ಒಂದೇ ಸಾಲಿನ ಫೈಲ್ ಸಾಕು. ಯುಎಸ್‌ಬಿ ವಿಭಾಗದಲ್ಲಿ ಇಂಥ ತಯಾರಕರ ಐಡಿ, ಇಂಥ ಸಾಧನದ ಐಡಿ ಕಂಡರೆ ಯುಆಕ್ಸೆಸ್ ಅನ್ನುವ ಟ್ಯಾಗ್ ಹಚ್ಚು ಅಂತ ಬರೆಯಬೇಕು. ಆಗ ಆ ಕಂಪ್ಯೂಟರಿನ ಮುಂದೆ ಕೂತು ಲಾಗಿನ್ ಆಗಿರುವವರಿಗೆ ಮಾತ್ರ, ಆ ಒಂದು ಸಾಧನಕ್ಕೆ ಮಾತ್ರ ಅನುಮತಿ ಸಿಗುತ್ತದೆ. ಅನುಮತಿಯನ್ನು 666 ಮಾಡಿ ಅನ್ನುವ ಸಲಹೆಯೂ ಓಡಾಡುತ್ತದೆ, ಅದು ಎಲ್ಲರಿಗೂ ಬಾಗಿಲು ತೆಗೆದಿಟ್ಟ ಹಾಗೆ, ಬೇಡ.

ಫೈಲಿನ ಹೆಸರು 73ಕ್ಕಿಂತ ಕಡಿಮೆ ಸಂಖ್ಯೆಯಿಂದ ಶುರುವಾಗಬೇಕು, 70 ಇಟ್ಟುಕೊಳ್ಳಿ. ಯಾಕಂದರೆ ಆ ಟ್ಯಾಗನ್ನು ನೋಡಿ ಅನುಮತಿ ಕೊಡುವ ಕೆಲಸ ನಡೆಯುವುದು 73 ಸಂಖ್ಯೆಯ ಸಿಸ್ಟಂ ನಿಯಮದಲ್ಲಿ. ನಿಮ್ಮದು 99 ಅಂತ ಇದ್ದರೆ ಟ್ಯಾಗ್ ಬೀಳುವಷ್ಟರಲ್ಲಿ ಅದು ಮುಗಿದುಹೋಗಿರುತ್ತದೆ. ನಿಯಮ ಅಕ್ಷರಶಃ ಸರಿಯಿದ್ದರೂ ಕೆಲಸ ಮಾಡುವುದಿಲ್ಲ, ದೋಷದ ಸಂದೇಶವೂ ಬರುವುದಿಲ್ಲ. ಬರೆದ ಮೇಲೆ ಯುಡೆವ್‌ಗೆ ನಿಯಮಗಳನ್ನು ಮತ್ತೆ ಓದಲು ಹೇಳಿ, ಕೇಬಲ್ ಕಿತ್ತು ಮತ್ತೆ ಸಿಕ್ಕಿಸಿ.

ಪೆಂಗ್ವಿನ್‌ಮನೆ:

ಸರಿ ಸರ್, ಇದು ಗೊತ್ತಿರಲಿಲ್ಲ. ನನ್ನ ಸಾಧನಗಳಿಗೆಲ್ಲ ಪ್ಯಾಕೇಜುಗಳೇ ನಿಯಮ ಹಾಕಿಕೊಟ್ಟಿದ್ದವು ಅಂತ ಈಗ ತಿಳಿಯಿತು. ಇನ್ನೊಂದು, -3 ಹೋದ ಮೇಲೆ -6 ಬಂದರೆ?

ಬೆಸುಗೆಕಡ್ಡಿ:

-6 ಅಂದರೆ ಆ ಇಂಟರ್‌ಫೇಸನ್ನು (ಸಾಧನದ ಒಂದು ಕೆಲಸಕ್ಕೆ ಮೀಸಲಾದ ಭಾಗವನ್ನು) ಆಗಲೇ ಬೇರೆ ಯಾರೋ ಹಿಡಿದುಕೊಂಡಿದ್ದಾರೆ. ಹೆಚ್ಚಿನ ಸಲ ಅದು ಕರ್ನಲಿನದೇ ಒಂದು ಡ್ರೈವರ್. ಸೀರಿಯಲ್ ಪೋರ್ಟಿನ ಹಾಗೆ ಕಾಣುವ ಸಾಧನವಾದರೆ ಸಿಡಿಸಿ-ಎಸಿಎಂ ಅಥವಾ ಎಫ್‌ಟಿಡಿಐ-ಎಸ್‌ಐಒ, ಕೀಬೋರ್ಡ್ ಮೌಸ್ ಜಾತಿಯದಾದರೆ ಯುಎಸ್‌ಬಿ-ಎಚ್‌ಐಡಿ. ಒಂದು ಇಂಟರ್‌ಫೇಸಿಗೆ ಒಂದು ಹೊತ್ತಿನಲ್ಲಿ ಒಬ್ಬರೇ ಯಜಮಾನ. ಲಿಬ್‌ಯುಎಸ್‌ಬಿ 1.0ರಲ್ಲಿ ಇದಕ್ಕೆ ಒಂದು ಫಂಕ್ಷನ್ ಇದೆ. ತೆರೆದ ಕೂಡಲೇ ಅದನ್ನು ಕರೆದಿಟ್ಟರೆ, ನೀವು ಇಂಟರ್‌ಫೇಸ್ ಹಿಡಿಯುವಾಗ ಕರ್ನಲ್ ಡ್ರೈವರನ್ನು ತಾನೇ ಬಿಡಿಸುತ್ತದೆ, ನೀವು ಬಿಟ್ಟುಕೊಟ್ಟಾಗ ತಾನೇ ವಾಪಸ್ ಸೇರಿಸುತ್ತದೆ.

ಆದರೆ ಬಿಡಿಸುವ ಮುಂಚೆ ಯೋಚನೆ ಮಾಡಿ. ಕರ್ನಲ್ ಡ್ರೈವರ್ ಆಗಲೇ ಇದೆ ಅಂದರೆ ಆ ಸಾಧನದ ಜೊತೆ ಮಾತಾಡಲು ಸಿದ್ಧ ದಾರಿಯೂ ಇದೆ ಅಂತ ಅರ್ಥ. ಸೀರಿಯಲ್ ಪೋರ್ಟ್ ಆಗಿ ಬರುವುದನ್ನು ಸೀರಿಯಲ್ ಪೋರ್ಟ್ ಆಗಿಯೇ ತೆರೆಯಿರಿ. ಎಚ್‌ಐಡಿ ಜಾತಿಯದಕ್ಕೆ ಎಚ್‌ಐಡಿಎಪಿಐ ಅನ್ನುವ ಬೇರೆ ಲೈಬ್ರರಿ ಇದೆ, ವಿಂಡೋಸಿನಲ್ಲೂ ಯಾವ ಡ್ರೈವರ್ ಬದಲಾವಣೆಯೂ ಇಲ್ಲದೆ ನಡೆಯುತ್ತದೆ. ಪೆನ್ ಡ್ರೈವಿನ ಡ್ರೈವರ್ ಬಿಡಿಸಿ ಲಿಬ್‌ಯುಎಸ್‌ಬಿಯಿಂದ ಓದುತ್ತೇನೆ ಅನ್ನುವವರೂ ಇದ್ದಾರೆ, ಫೈಲ್ ಸಿಸ್ಟಂ ಮೌಂಟ್ ಆಗಿರುವಾಗ ಹಾಗೆ ಮಾಡಿದರೆ ಅದರೊಳಗಿನ ಫೈಲುಗಳು ಹಾಳಾಗಬಹುದು. ಯಾವ ಸಿದ್ಧ ವರ್ಗಕ್ಕೂ ಸೇರದ, ತಯಾರಕರು ತಮ್ಮದೇ ಭಾಷೆ ಕಟ್ಟಿಕೊಂಡ ಸಾಧನಗಳಿಗೆ ಲಿಬ್‌ಯುಎಸ್‌ಬಿ ನಿಜವಾಗಿ ಬೇಕು.

ನೀಲಿತೆರೆ:

ಒಂದು ಮೂಲ ಪ್ರಶ್ನೆ. ಪ್ರತಿ ಸಾಧನಕ್ಕೂ ತಯಾರಕರೇ ಡ್ರೈವರ್ ಬರೆದು ಕೊಡುತ್ತಿದ್ದರಲ್ಲ, ಅದೇ ಒಳ್ಳೆಯದಲ್ವಾ? ಈ ನಡುವಿನ ಲೈಬ್ರರಿ ಯಾಕೆ ಬೇಕು?

ಬೆಸುಗೆಕಡ್ಡಿ:

ನನಗೆ ಇದರ ಬಗ್ಗೆ ಗಟ್ಟಿಯಾದ ಅಭಿಪ್ರಾಯವಿದೆ, ಸ್ವಲ್ಪ ಉದ್ದ ಆಗುತ್ತದೆ.

ಕರ್ನಲ್ ಒಳಗಿನ ಡ್ರೈವರಿನಲ್ಲಿ ಒಂದು ತಪ್ಪು ಪಾಯಿಂಟರ್ ಇದ್ದರೆ ಇಡೀ ಕಂಪ್ಯೂಟರ್ ನೀಲಿ ತೆರೆ ತೋರಿಸಿ ಬೀಳುತ್ತದೆ. ಅದೇ ತಪ್ಪು ಲಿಬ್‌ಯುಎಸ್‌ಬಿ ಬಳಸುವ ಸಾಮಾನ್ಯ ಪ್ರೋಗ್ರಾಂನಲ್ಲಿ ಇದ್ದರೆ ಬೀಳುವುದು ಆ ಪ್ರೋಗ್ರಾಂ ಒಂದೇ. ಇದು ಮೊದಲನೆಯ ಕಾರಣ. ಎರಡನೆಯದು ಇನ್ನೂ ದೊಡ್ಡದು. 64 ಬಿಟ್ ವಿಂಡೋಸ್ ವಿಸ್ಟಾ ಕಾಲದಿಂದಲೇ ಸಹಿ ಇಲ್ಲದ ಕರ್ನಲ್ ಡ್ರೈವರನ್ನು ಒಪ್ಪುವುದಿಲ್ಲ, ವಿಂಡೋಸ್ 10ರ 1607 ಆವೃತ್ತಿಯಿಂದ ಹೊಸ ಡ್ರೈವರುಗಳಿಗೆ ಮೈಕ್ರೋಸಾಫ್ಟಿನದೇ ಸಹಿ ಬೇಕು. ತಯಾರಕರು ಅಂಗಡಿ ಮುಚ್ಚಿದ ಮೇಲೆ ಆ ಸಹಿ ಮಾಡಿಸುವವರು ಯಾರು? ಸಾಧನ ಗಟ್ಟಿಮುಟ್ಟಾಗಿ ಇರುತ್ತದೆ, ಸೆನ್ಸರ್ ಸರಿಯಾಗಿ ಅಳೆಯುತ್ತಿರುತ್ತದೆ, ಒಂದು ಡ್ರೈವರ್ ಇಲ್ಲ ಅನ್ನುವ ಕಾರಣಕ್ಕೆ ಕಸಕ್ಕೆ ಹೋಗುತ್ತದೆ. ಇದು ನನಗೆ ನಿಜವಾಗಿಯೂ ಬೇಸರ ತರುವ ವಿಷಯ. ಸಾಮಾನ್ಯ ಡ್ರೈವರ್ ಒಂದಿದ್ದು, ಸಾಧನದ ಭಾಷೆ ತಿಳಿದ ಭಾಗ ಮೇಲಿನ ಪ್ರೋಗ್ರಾಂನಲ್ಲಿ ಇದ್ದರೆ ಈ ಗತಿ ಬರುವುದಿಲ್ಲ. ಸ್ಕ್ಯಾನರುಗಳ ಸೇನ್, ಕ್ಯಾಮೆರಾಗಳ ಲಿಬ್‌ಜಿಫೋಟೋ2, ಮೈಕ್ರೋಕಂಟ್ರೋಲರಿಗೆ ಫರ್ಮ್‌ವೇರ್ (ಸಾಧನದೊಳಗೇ ಓಡುವ ಪ್ರೋಗ್ರಾಂ) ತುಂಬುವ ಡಿಎಫ್‌ಯು-ಯುಟಿಲ್, ಡೀಬಗ್ ಮಾಡುವ ಓಪನ್‌ಒಸಿಡಿ, ರೇಡಿಯೋ ಕೇಳಿಸುವ ಆರ್‌ಟಿಎಲ್-ಎಸ್‌ಡಿಆರ್ ಇವೆಲ್ಲ ಲಿಬ್‌ಯುಎಸ್‌ಬಿಯನ್ನು ಹಿಡಿದೇ ನಡೆಯುತ್ತವೆ.

ಅದು ಬೇರೆ ಫೈಲಾಗಿ ಇರುವುದಕ್ಕೂ ಒಂದು ಹಿನ್ನೆಲೆ ಇದೆ. ಲಿಬ್‌ಯುಎಸ್‌ಬಿಯ ಪರವಾನಗಿ ಎಲ್‌ಜಿಪಿಎಲ್ 2.1. ಮುಚ್ಚಿದ ಮೂಲದ ಪ್ರೋಗ್ರಾಂ ಕೂಡ ಇದನ್ನು ಬಳಸಬಹುದು, ಆದರೆ ಬಳಕೆದಾರ ಲೈಬ್ರರಿಯ ಭಾಗವನ್ನು ತಾನೇ ಬದಲಾಯಿಸಿಕೊಳ್ಳಲು ಆಗುವಂತೆ ಇರಬೇಕು. ಡಿಎಲ್ಎಲ್ ಆಗಿ ಪಕ್ಕದಲ್ಲಿ ಇಟ್ಟರೆ ಆ ಷರತ್ತು ಸುಲಭವಾಗಿ ಪೂರೈಸುತ್ತದೆ. ಹೊಸಗಣಕ ಅವರ ಪ್ರೋಗ್ರಾಂ ಮಾಡಿದವರು ಈಗ ಇಲ್ಲದಿದ್ದರೂ ಅವರು ಆ ಭಾಗವನ್ನು ಹೊರಗಿನಿಂದ ತಂದು ಕೂಡಿಸಲು ಆಗುತ್ತಿರುವುದು ಹೀಗೆ ಬೇರೆ ಇಟ್ಟದ್ದರಿಂದಲೇ.

ಈಗ ಹೊಸದಾಗಿ ಸಾಧನ ಮಾಡುವವರಿಗೆ ಒಂದು ಕೋರಿಕೆ. ವಿಂಡೋಸ್ 8ರಿಂದ ಈಚೆಗೆ ಮೈಕ್ರೋಸಾಫ್ಟಿನದೇ ಸಾಮಾನ್ಯ ಡ್ರೈವರ್ ಆದ ವಿನ್‌ಯುಎಸ್‌ಬಿ ತಾನಾಗಿ ಕೂರುವಂತೆ ಮಾಡಬಹುದು. ಸಾಧನ ತನ್ನ ವಿವರಗಳಲ್ಲೇ ನನಗೆ ವಿನ್‌ಯುಎಸ್‌ಬಿ ಸಾಕು ಅಂತ ಹೇಳಿಕೊಂಡರೆ ಆಯಿತು. ಇದಕ್ಕೆ ಮೈಕ್ರೋಸಾಫ್ಟ್ ಓಎಸ್ ಡಿಸ್ಕ್ರಿಪ್ಟರ್ ಅನ್ನುತ್ತಾರೆ, ಫರ್ಮ್‌ವೇರಿನಲ್ಲಿ ಕೆಲವೇ ಬೈಟುಗಳ ಸೇರ್ಪಡೆ. ಆಗ ಜಾಡಿಗ್ ಬೇಡ, ಇನ್‌ಸ್ಟಾಲರ್ ಬೇಡ, ಸಿಡಿ ಬೇಡ. ಸಿಕ್ಕಿಸಿದರೆ ಸಾಕು, ಲಿಬ್‌ಯುಎಸ್‌ಬಿ 1.0 ನೇರ ಮಾತಾಡುತ್ತದೆ. ಇಷ್ಟು ಚಿಕ್ಕ ಕೆಲಸವನ್ನು ಬಿಟ್ಟು ಡ್ರೈವರ್ ಸಿಡಿ ಕೊಡುವುದಕ್ಕೆ ಈಗ ಯಾವ ನೆಪವೂ ಇಲ್ಲ.

ಹೊಸಗಣಕ:

ಜಾಡಿಗ್ ದಾರಿ ಹಿಡಿದೆ. ಡ್ರೈವರ್ ಕೂತಿತು, ಹಳದಿ ಗುರುತು ಹೋಯಿತು, ಪ್ರೋಗ್ರಾಂ ತೆರೆದು ಲಾಗರನ್ನೂ ಹಿಡಿಯಿತು. ಎಲ್ಲರಿಗೂ ತುಂಬಾ ಥ್ಯಾಂಕ್ಸ್.

ಈಗ ಧೈರ್ಯ ಬಂದಿದೆ. ಆ ಹಳೆಯ ಪ್ರೋಗ್ರಾಂ ಬಿಟ್ಟು ಪೈಥಾನಿನಲ್ಲಿ ನಾನೇ ಓದಬೇಕು ಅಂತ ಆಸೆ. ಪೈಥಾನಿನಿಂದ ಯುಎಸ್‌ಬಿ ಬಳಸಲು ಇರುವ ಪೈಯುಎಸ್‌ಬಿ ಲೈಬ್ರರಿ ಹಾಕಿಕೊಂಡರೆ ಬ್ಯಾಕೆಂಡ್ ಇಲ್ಲ ಅನ್ನುವ ದೋಷ ಇಲ್ಲಿ ಬಹಳ ಜನ ಬರೆದಿರುವುದು ನೋಡಿದೆ. ನನಗೂ ಅದು ಬರುತ್ತದಾ? ಮತ್ತೆ ಲಾಗರ್ ಯಾವ ಭಾಷೆಯಲ್ಲಿ ಮಾತಾಡುತ್ತದೆ ಅಂತ ತಿಳಿಯುವುದು ಹೇಗೆ?

ಸಾಲುಗೋಡೆ:

ಪೈಯುಎಸ್‌ಬಿ ತಾನೇ ಯುಎಸ್‌ಬಿ ಮುಟ್ಟುವುದಿಲ್ಲ, ಒಳಗೆ ಲಿಬ್‌ಯುಎಸ್‌ಬಿಯನ್ನೇ ಕರೆಯುತ್ತದೆ. ಆ ಡಿಎಲ್ಎಲ್ ಸಿಗದಿದ್ದರೆ ಬರುವ ದೋಷ ಅದು. ಪೈಯುಎಸ್‌ಬಿ ಹಳೆಯ 0.1 ತಲೆಮಾರನ್ನೂ ಬಲ್ಲದು. ನೀವು ಹಾಕಿದ ಡ್ರೈವರಿನ ಜೊತೆ 64 ಬಿಟ್ ಡಿಎಲ್ಎಲ್ ಸಿಸ್ಟಮ್32ರಲ್ಲೂ 32 ಬಿಟ್‌ನದು ಸಿಸ್‌ವಾವ್64ರಲ್ಲೂ ಬಂದಿರುತ್ತದೆ. ಹಾಗಾಗಿ ಪೈಥಾನ್ ಯಾವ ಬಿಟ್ ಆದರೂ ನಿಮಗೆ ತೊಂದರೆ ಆಗಬಾರದು. 1.0 ಬಳಸುವವರು ಮಾತ್ರ ಪೈಥಾನಿನ ಬಿಟ್ ನೋಡಿ ಅದಕ್ಕೆ ತಕ್ಕ ಫೈಲ್ ತರಬೇಕು.

ಭಾಷೆ ತಿಳಿಯಲು, ಹಳೆಯ ಪ್ರೋಗ್ರಾಂ ಓಡುತ್ತಿರುವಾಗ ಕೇಬಲಿನಲ್ಲಿ ಹೋಗುವುದನ್ನು ಹಿಡಿಯಿರಿ. ಹೋಗಿಬರುವ ಡೇಟಾ ತೋರಿಸುವ ವೈರ್‌ಶಾರ್ಕ್ ಜೊತೆ, ಯುಎಸ್‌ಬಿಯಿಂದ ಅದನ್ನು ಹಿಡಿದುಕೊಡುವ ಯುಎಸ್‌ಬಿಪಿಕ್ಯಾಪ್ ಹಾಕಿಕೊಂಡರೆ ವಿಂಡೋಸಿನಲ್ಲೇ ಆಗುತ್ತದೆ. ಒಂದೊಂದೇ ಬಟನ್ ಒತ್ತಿ, ಪ್ರತಿ ಸಲ ಏನು ಹೋಯಿತು, ಏನು ಬಂತು ಅಂತ ಬರೆದಿಟ್ಟುಕೊಳ್ಳಿ. ಸಾಮಾನ್ಯವಾಗಿ ಇಂಥ ಲಾಗರುಗಳಲ್ಲಿ ಒಂದು ಬಲ್ಕ್ ಔಟ್ ಎಂಡ್‌ಪಾಯಿಂಟಿಗೆ (ಸಾಧನದೊಳಗೆ ಡೇಟಾ ಹೋಗುವ ಬಾಗಿಲಿಗೆ) ಚಿಕ್ಕ ಆದೇಶ ಹೋಗುತ್ತದೆ, ಬಲ್ಕ್ ಇನ್ ಎಂಡ್‌ಪಾಯಿಂಟಿನಿಂದ ಉತ್ತರ ಬರುತ್ತದೆ. ಬರೀ ಓದುವ ಆದೇಶಗಳನ್ನು ಮೊದಲು ಪ್ರಯತ್ನಿಸಿ. ಅಳಿಸು, ಸೆಟ್ಟಿಂಗ್ ಬರೆ ಅನ್ನುವಂಥವನ್ನು ಅರ್ಥ ಆಗುವವರೆಗೆ ಮುಟ್ಟಬೇಡಿ.

ಹೊಸಗಣಕ:

ಕೆಲಸ ಮಾಡುತ್ತಿದೆ! ಉತ್ತರ ಬರುತ್ತಿದೆ. ಆದರೆ ಎರಡು ವಿಚಿತ್ರ. ಮೊದಲ 10 ಬೈಟ್ ಹೆಡರ್ ಮಾತ್ರ ಓದೋಣ ಅಂತ 10 ಕೇಳಿದರೆ ಓವರ್‌ಫ್ಲೋ ತರಹದ ದೋಷ ಬರುತ್ತದೆ. ಇನ್ನು ಕೆಲವು ದಾಖಲೆಗಳು ತಕ್ಷಣ ಬರುತ್ತವೆ, ಕೆಲವು ಟೈಮ್‌ಔಟ್ ಆಗುವವರೆಗೆ ನಿಂತುಬಿಡುತ್ತವೆ. ಕೇಬಲ್ ಬದಲಾಯಿಸಿದರೂ ಅದೇ. ನಿಲ್ಲುವ ದಾಖಲೆ ಯಾವಾಗಲೂ ನಿಲ್ಲುತ್ತದೆ.

ಬೆಸುಗೆಕಡ್ಡಿ:

ಯಾವಾಗಲೂ ಅದೇ ದಾಖಲೆಯೇ ನಿಲ್ಲುತ್ತದೆ ಅನ್ನುವುದು ಒಳ್ಳೆಯ ಸುಳಿವು. ಕೇಬಲಿನ ತೊಂದರೆ ಆಗಿದ್ದರೆ ಹಾಗೆ ಲೆಕ್ಕಾಚಾರವಾಗಿ ಬರುತ್ತಿರಲಿಲ್ಲ.

ಮೊದಲನೆಯದು ಸುಲಭ. ಯುಎಸ್‌ಬಿಯಲ್ಲಿ ಸಾಧನ ಕಳಿಸುವುದು ಬೈಟ್ ಬೈಟಾಗಿ ಅಲ್ಲ, ಪ್ಯಾಕೆಟ್ಟುಗಳಲ್ಲಿ. ನಿಮ್ಮ ಲಾಗರ್ ಫುಲ್ ಸ್ಪೀಡ್ ಅಂದರೆ ಸೆಕೆಂಡಿಗೆ 12 ಮೆಗಾಬಿಟ್ ವೇಗದ್ದು ಅಂದುಕೊಳ್ಳುತ್ತೇನೆ, ಆಗ ಬಲ್ಕ್ ಪ್ಯಾಕೆಟ್ ಹೆಚ್ಚೆಂದರೆ 64 ಬೈಟ್. ಹೈ ಸ್ಪೀಡ್ ಆದರೆ 512. ನೀವು 10 ಬೈಟಿಗೆ ಜಾಗ ಕೊಟ್ಟಿರಿ, ಸಾಧನ 64 ಬೈಟಿನ ಪ್ಯಾಕೆಟ್ ಕಳಿಸಿತು, ಹಿಡಿಸಲಿಲ್ಲ. ಉಳಿದದ್ದು ಮುಂದಿನ ಓದಿಗೆ ಸಿಗುತ್ತದೆ ಅಂತ ಅಂದುಕೊಳ್ಳಬೇಡಿ, ಅದು ಹೋದಂತೆಯೇ. ಫೈಲ್ ಓದುವ ಅಭ್ಯಾಸದಿಂದ ಬಂದವರಿಗೆ ಇದು ಹೊಸದು. ಹಾಗಾಗಿ ಎಷ್ಟು ಬರುತ್ತದೆ ಅಂತ ಗೊತ್ತಿಲ್ಲದಿದ್ದಾಗ ಯಾವಾಗಲೂ ಪ್ಯಾಕೆಟ್ ಅಳತೆಯ ಗುಣಕವನ್ನೇ ಕೇಳಿ, 64, 128, 4096 ಹೀಗೆ. ಬಂದ ಮೇಲೆ ಮೊದಲ 10 ಬೈಟ್ ಹೆಡರ್ ಅಂತ ನಿಮ್ಮ ಕೋಡಿನಲ್ಲಿ ಬಿಡಿಸಿಕೊಳ್ಳಿ.

ಎರಡನೆಯದಕ್ಕೆ, ನಿಲ್ಲುವ ದಾಖಲೆಗಳ ಉದ್ದವನ್ನು 64ರಿಂದ ಭಾಗಿಸಿ ನೋಡಿ. ಶೇಷ ಸೊನ್ನೆ ಬರುತ್ತದೆ ಅಂತ ನನ್ನ ಅನುಮಾನ.

ಹೊಸಗಣಕ:

ಹೌದು! ನಿಲ್ಲುವ ಎಲ್ಲವೂ 640, 1280, 1920 ಹೀಗೇ ಇವೆ. 650 ಇದ್ದದ್ದು ತಕ್ಷಣ ಬರುತ್ತದೆ. ಯಾಕೆ?

ಬೆಸುಗೆಕಡ್ಡಿ:

ನೀವು 4096 ಕೇಳಿದಿರಿ. 650 ಬೈಟಿನ ದಾಖಲೆ ಬರುವಾಗ 64ರ ಹತ್ತು ತುಂಬಿದ ಪ್ಯಾಕೆಟ್ಟುಗಳು, ಕೊನೆಗೆ 10 ಬೈಟಿನ ಒಂದು ಚಿಕ್ಕ ಪ್ಯಾಕೆಟ್. ಚಿಕ್ಕ ಪ್ಯಾಕೆಟ್ ಕಂಡ ಕೂಡಲೇ ಕಂಪ್ಯೂಟರಿನ ಕಡೆಯ ಯುಎಸ್‌ಬಿ ಪದರ ಇಷ್ಟೇ ಇರುವುದು ಅಂತ ತಿಳಿದು ಓದನ್ನು ಮುಗಿಸುತ್ತದೆ. 640 ಬೈಟಿನ ದಾಖಲೆಯಲ್ಲಿ ಹತ್ತೂ ತುಂಬಿದ ಪ್ಯಾಕೆಟ್ಟುಗಳೇ. ಮುಗಿಯಿತು ಅಂತ ಹೇಳುವ ಗುರುತಿಲ್ಲ, ಇನ್ನೂ ಬರಬಹುದು ಅಂತ ಕಾಯುತ್ತಲೇ ಇರುತ್ತದೆ. ಇಂಥ ಸಂದರ್ಭದಲ್ಲಿ ಸಾಧನ ಕೊನೆಗೆ ಸೊನ್ನೆ ಬೈಟಿನ ಖಾಲಿ ಪ್ಯಾಕೆಟ್ ಒಂದನ್ನು ಕಳಿಸಬೇಕು. ನಿಮ್ಮ ಲಾಗರಿನ ಫರ್ಮ್‌ವೇರ್ ಅದನ್ನು ಕಳಿಸುತ್ತಿಲ್ಲ.

ಫರ್ಮ್‌ವೇರ್ ಬದಲಾಯಿಸಲು ಆಗುವುದಿಲ್ಲವಾದ್ದರಿಂದ ನಿಮ್ಮ ಕಡೆಯಿಂದಲೇ ಸರಿಪಡಿಸಿ. ಮೊದಲು 64 ಬೈಟ್ ಮಾತ್ರ ಕೇಳಿ. ಒಂದು ಪ್ಯಾಕೆಟ್ ಬಂದ ಕೂಡಲೇ ಅದು ಮುಗಿಯುತ್ತದೆ. ಹೆಡರಿನಲ್ಲಿ ದಾಖಲೆಯ ಒಟ್ಟು ಉದ್ದ ಸಾಮಾನ್ಯವಾಗಿ ಇರುತ್ತದೆ. ಆ ಉದ್ದದಿಂದ ಆಗಲೇ ಬಂದ 64 ಕಳೆದು, ಉಳಿದಷ್ಟನ್ನೇ ಕರಾರುವಾಕ್ಕಾಗಿ ಕೇಳಿ. 640ರ ದಾಖಲೆಯಲ್ಲಿ 576 ಕೇಳುತ್ತೀರಿ, ಅಷ್ಟು ತುಂಬಿದ ಕೂಡಲೇ ಓದು ಮುಗಿಯುತ್ತದೆ, ಗುರುತಿಗಾಗಿ ಕಾಯುವುದಿಲ್ಲ. ಒಟ್ಟು ಉದ್ದ 64ರ ಒಳಗೇ ಇದ್ದರೆ ಎರಡನೇ ಓದು ಬೇಡ. ಇದೇ ಕೋಡನ್ನು ಮುಂದೆ ಬೇರೆ ಸಾಧನಕ್ಕೆ ಬಳಸುವುದಾದರೆ, ಖಾಲಿ ಪ್ಯಾಕೆಟ್ ಸರಿಯಾಗಿ ಕಳಿಸುವ ಸಾಧನದಲ್ಲಿ ಮುಂದಿನ ಓದಿಗೆ ಸೊನ್ನೆ ಬೈಟ್ ಬರುತ್ತದೆ. ಅದನ್ನು ದೋಷ ಅಂತ ಎಣಿಸದೆ ಇನ್ನೊಮ್ಮೆ ಓದುವಂತೆ ಬರೆದಿಡಿ.